ವಕೀಲರು ಶಾಸಕರಾದರೆ

ಮಾನ್ಯರೇ,

ಶಾಸಕರಾದ ವಕೀಲರು ಕರಿಕೋಟು ಕಳಚಲೇಬೇಕು ಎಂಬ ಮಾತು ಆಗಾಗ ಕೇಳಿಬರುತ್ತದೆ. ಕಾನೂನು ಹಾಗೆ ಹೇಳುವುದಿಲ್ಲ. ಭಾರತೀಯ ವಕೀಲರ ಪರಿಷತ್ತಿನ 49ನೇ ನಿಯಮ ತಡೆಯುವುದು ಪೂರ್ಣಾವಧಿ ಸಂಬಳದ ನೌಕರರನ್ನು. ಶಾಸಕರು ಅಂಥ ನೌಕರರಲ್ಲ ಎಂದು ಸುಪ್ರೀಂ ಕೋರ್ಟ್ 2018ರ ಸೆಪ್ಟೆಂಬರ್‌ನಲ್ಲೇ ಹೇಳಿದೆ.

ನಾವು ಕೇಳಬೇಕಾದ್ದು ಬೇರೆ: ಅವರ ಕಾನೂನು ಜ್ಞಾನ ಸದನಕ್ಕೆ ದಕ್ಕುತ್ತಿದೆಯೇ? ಕೆಂಗಲ್ ಹನುಮಂತಯ್ಯ, ನಿಜಲಿಂಗಪ್ಪ ಇಬ್ಬರೂ ವಕೀಲಿಕೆಯಿಂದ ಬಂದವರು. ಮಸೂದೆಯ ಒಂದೊಂದು ಪದವನ್ನೂ ಅಳೆದು ನೋಡಲು ಅಂಥ ಜ್ಞಾನ ಬೇಕು. ಉದಾಹರಣೆಗೆ, ಮಸೂದೆಯಲ್ಲಿ ‘ಪರವಾನಗಿ ನೀಡತಕ್ಕದ್ದು’ ಎಂದಿದ್ದರೆ ಅದು ಅಧಿಕಾರಿಯ ಕರ್ತವ್ಯ. ‘ನೀಡಬಹುದು’ ಎಂದರೆ ಸಾಮಾನ್ಯವಾಗಿ ಅವರ ವಿವೇಚನೆ. ಅರ್ಜಿದಾರ ವರ್ಷಗಟ್ಟಲೆ ಅಲೆಯುವುದು ಈ ಒಂದು ಪದದಿಂದ. ‘ನಿಯಮಿಸಬಹುದಾದಂತೆ’ ಎಂಬುದು ಇನ್ನೂ ಅಪಾಯಕಾರಿ. ಶುಲ್ಕ, ಗಡುವು, ಮೇಲ್ಮನವಿಯ ವಿಧಾನ ಎಲ್ಲವೂ ಅದರ ಮೂಲಕ ಸದನದಿಂದ ಜಾರಿ, ಸರ್ಕಾರ ರಚಿಸುವ ನಿಯಮಗಳಿಗೆ ಹೋಗಿಬಿಡುತ್ತವೆ.

ಇಂಥ ಪದಗಳನ್ನು ಹಿಡಿಯಬೇಕಾದ್ದು ಖಂಡವಾರು ಪರಿಶೀಲನೆಯಲ್ಲಿ, ಅಂದರೆ ಸದನ ಮಸೂದೆಯ ಒಂದೊಂದೇ ಖಂಡವನ್ನು ಚರ್ಚಿಸುವಾಗ, ತಿದ್ದುಪಡಿಯ ಸೂಚನೆಯನ್ನು ಮುಂಚಿತವಾಗಿಯೇ ಕೊಟ್ಟು. ಆ ಘಟ್ಟ ದಾಟಿದರೆ ಸಣ್ಣಪುಟ್ಟ ಪದಗಳ ತಿದ್ದುಪಡಿಗಷ್ಟೇ ಅವಕಾಶ. ಮಂಡಿಸಿದ ದಿನವೇ ಮಸೂದೆ ಅಂಗೀಕಾರವಾದರೆ ಎಂಥ ವಕೀಲರೂ ಅದನ್ನು ಓದಿ ಮುಗಿಸಲಾರರು. ಮಸೂದೆಯ ಪ್ರತಿ ಒಂದು ವಾರ ಮೊದಲಾದರೂ ಸದಸ್ಯರ ಕೈಸೇರಲಿ.

– ಒಬ್ಬ ಓದುಗ