ಮೊದಲ ಹೋಮ್ ಗ್ರೌಂಡ್ ಕಂಠೀರವ ಅಂತೆ, ಯಾರ್ ಹೇಳಿದ್ದು ಸ್ವಾಮಿ?

ಸಂಪಾದಕರಿಗೆ ನಮಸ್ಕಾರ,

ಸ್ಕೂಲ್ ಮಕ್ಕಳ ಸ್ಪೋರ್ಟ್ಸ್ ಕ್ವಿಜ್ ಸುದ್ದಿ ನಿಮ್ಮ ಪೇಪರ್‌ನಲ್ಲೇ ಬಂದಿದೆ, ಮತ್ತೆ ನಾನು ಬಿಡಿಸಿ ಹೇಳೋದೇನೂ ಬೇಡ. ಫೋಟೋದಲ್ಲಿ ಶಾಲು ಹೊದ್ಕೊಂಡು ಸಾಲಾಗಿ ನಿಂತವ್ರು ಯಾರ್ಯಾರು ಅಂತ ನಮ್ಮ ಕಡೆಯೋರಿಗೆಲ್ಲ ಗೊತ್ತು. ನನ್ನ ತಕರಾರು ಸುದ್ದಿ ಕೆಳಗಡೆ 'ನಿಮಗಿದು ಗೊತ್ತೇ?' ಅಂತ ಬಾಕ್ಸ್ ಕಟ್ಟಿ ಹಾಕಿದ್ದೀರಲ್ಲ, ಅದರದ್ದು. ನಮ್ಮೂರಿನ ಫುಟ್‌ಬಾಲ್ ಕ್ಲಬ್ ಬೆಂಗಳೂರು ಎಫ್‌ಸಿಯ ಮೊದಲ ಹೋಮ್ ಗ್ರೌಂಡ್ ಕಂಠೀರವ ಸ್ಟೇಡಿಯಂ ಅಂತೆ. ಇಲ್ಲ ಸ್ವಾಮಿ, ನಮಗಿದು ಗೊತ್ತಿಲ್ಲ, ಯಾಕಂದ್ರೆ ಇದು ಸುಳ್ಳು.

ಕ್ವಿಜ್‌ನಲ್ಲಿ ಇದೇ ಪ್ರಶ್ನೆಗೆ ಬಜರ್ ಒತ್ತಿ 'ಅಶೋಕನಗರದ ಫುಟ್‌ಬಾಲ್ ಸ್ಟೇಡಿಯಂ' ಅಂತ ಹೇಳಿದ್ದು ನಮ್ಮಕ್ಕನ ಮೊಮ್ಮಗ. ಕೇಳ್ತಿದ್ದ ಮಹಾಶಯರು ಕೈಲಿದ್ದ ಹಾಳೆ ನೋಡಿದ್ರು, ತಪ್ಪು ಅಂದ್ರು, ಪ್ರಶ್ನೆ ಪಕ್ಕದ ಟೀಮ್‌ಗೆ ಪಾಸ್ ಆಯ್ತು, ಅವ್ರು ಕಂಠೀರವ ಅಂದ್ರು, ಚಪ್ಪಾಳೆ. ನಾನು ಹಿಂದ್ಗಡೆಯಿಂದ ಎದ್ದು ನಿಂತು 'ಸಾರ್, ಹುಡುಗ ಹೇಳಿದ್ದೇ ಸರಿ' ಅಂತ ಕೂಗಿದ್ದಕ್ಕೆ ಮೈಕ್‌ನಲ್ಲಿ 'ಪೇರೆಂಟ್ಸ್ ದಯವಿಟ್ಟು ಕೂತ್ಕೊಳಿ' ಅಂದ್ರು. ನಾನು ಪೇರೆಂಟೂ ಅಲ್ಲ, ಕೂತ್ಕೊಳ್ಳೋ ಪೈಕಿನೂ ಅಲ್ಲ, ಆದ್ರೆ ಹುಡುಗ ನನ್ನ ಕಡೆ ನೋಡಿ ಬೇಡ ಅಂತ ಕಣ್ಣಲ್ಲೇ ಸನ್ನೆ ಮಾಡ್ದ, ಸುಮ್ನಾದೆ. ಆ ಮಾರ್ಕ್ಸ್ ಹೋಗಿದ್ದಕ್ಕೆ ನಮ್ಮ ಹುಡುಗನ ಸ್ಕೂಲ್‌ಗೆ ಬಹುಮಾನನೂ ತಪ್ಪೋಯ್ತು. ಮನೆಗೆ ಬಂದು ಅವ್ನು ಕೇಳಿದ್ದು, 'ತಾತ, ನೀನು ಅಲ್ಲೇ ಮ್ಯಾಚ್ ನೋಡಿದ್ದೆ ಅಂದಿದ್ಯಲ್ಲ, ಸುಮ್ನೆ ಹೇಳಿದ್ದಾ?' ಇದಕ್ಕೆ ನಾನೇನ್ ಉತ್ತರ ಕೊಡ್ಲಿ, ನೀವೇ ಹೇಳಿ.

ಸುಮ್ನೆ ಹೇಳಿದ್ದಲ್ಲ. ಕ್ಲಬ್ ಶುರುವಾಗಿದ್ದು 2013ರ ಜುಲೈನಲ್ಲಿ, ಆಗ ದೇಶದ ದೊಡ್ಡ ಫುಟ್‌ಬಾಲ್ ಲೀಗ್ ಆಗಿದ್ದ ಐ-ಲೀಗ್‌ನಲ್ಲಿ ಮೊದಲ ಮ್ಯಾಚ್ ಅದೇ ವರ್ಷ ಸೆಪ್ಟೆಂಬರ್ 22ಕ್ಕೆ, ಎದುರಾಳಿ ಕಲ್ಕತ್ತಾದ ಮೋಹನ್ ಬಗಾನ್, ಆಡಿದ್ದು ಅಶೋಕನಗರದ ಬೆಂಗಳೂರು ಫುಟ್‌ಬಾಲ್ ಸ್ಟೇಡಿಯಂನಲ್ಲಿ. ಮ್ಯಾಗ್ರಾತ್ ರೋಡ್, ಗರುಡಾ ಮಾಲ್ ಹತ್ರ. ಮಾಲ್‌ಗೆ ಹೋಗೋ ದಾರಿ ಎಲ್ಲರಿಗೂ ಗೊತ್ತಿರುತ್ತೆ, ಪಕ್ಕದಲ್ಲಿ ಏನಿದೆ ಅಂತ ಕತ್ತು ತಿರುಗಿಸಿ ನೋಡೋಕೆ ಪುರುಸೊತ್ತಿಲ್ಲ ಅಷ್ಟೇ. ಶಾನ್ ರೂನಿ ಅನ್ನೋ ಆಸ್ಟ್ರೇಲಿಯಾದವ್ನು ಕ್ಲಬ್ಬಿನ ಮೊದಲ ಗೋಲ್ ಹೊಡೆದ, ಬಗಾನ್‌ನೋರೂ ಒಂದು ಹೊಡೆದ್ರು, 1-1 ಡ್ರಾ. ಕೋಚ್ ಆಶ್ಲಿ ವೆಸ್ಟ್‌ವುಡ್, ಕ್ಯಾಪ್ಟನ್ ಸುನಿಲ್ ಛೆಟ್ರಿ. ಹೊಸಾ ಟೀಮು, ಇವ್ರೇನ್ ಆಡ್ತಾರೆ ಅಂತ ನಮ್ಮ ಆಸ್ಟಿನ್ ಟೌನ್ ಹಳೇ ಆಟಗಾರರು ಮೂಗು ಮುರೀತಿದ್ರು, ಕೊನೆಗೆ ಅದೇ ಸೀಸನ್ ಲೀಗ್ ಗೆದ್ದುಬಿಟ್ರು. ಕಪ್ ಖಾತ್ರಿ ಆಗಿದ್ದು 2014ರ ಏಪ್ರಿಲ್‌ನಲ್ಲಿ ಗೋವಾದಲ್ಲಿ, ಅಲ್ಲಿನ ಡೆಂಪೋ ಕ್ಲಬ್ ಮೇಲೆ 4-2. ಮ್ಯಾಚ್ ಗೋವಾದಲ್ಲಿ ಇದ್ದಿರಬಹುದು, ಆದ್ರೆ ಅಲ್ಲಿವರೆಗೂ ಟೀಮನ್ನ ಎತ್ತಿ ನಿಲ್ಸಿದ್ದು ಅಶೋಕನಗರ. ಕಂಠೀರವಕ್ಕೆ ಹೋಗಿದ್ದು ಅದರ ಮುಂದಿನ ಸೀಸನ್‌ಗೆ. ಆಗ್ಲೇ ಚಾಂಪಿಯನ್ ಆಗಿ ಹೋದ್ರು, ಅಲ್ಲಿ ಹುಟ್ಟಿದ್ದಲ್ಲ.

ಆ ಗ್ರೌಂಡ್‌ಗೂ ಇದಕ್ಕೂ ಏನ್ ವ್ಯತ್ಯಾಸ ಅಂತ ಅಲ್ಲಿ ಕೂತವ್ರನ್ನ ಕೇಳಬೇಕು. ಕಂಠೀರವದಲ್ಲಿ ನಿಮ್ಗೂ ಬಾಲ್‌ಗೂ ಮಧ್ಯೆ ಅಷ್ಟಗಲ ರನ್ನಿಂಗ್ ಟ್ರ್ಯಾಕ್ ಇದೆ. ಅಶೋಕನಗರದಲ್ಲಿ ಟ್ರ್ಯಾಕೂ ಇಲ್ಲ ಏನೂ ಇಲ್ಲ, ಸಿಮೆಂಟ್ ಮೆಟ್ಟಿಲು, ಬೇಲಿ, ಅದರಾಚೆ ಆಟ. ಆರ್ಟಿಫಿಷಿಯಲ್ ಟರ್ಫ್ ಆಗಿದ್ರಿಂದ ಬಾಲ್ ಪುಟಿದಾಗೆಲ್ಲ ಕರಿ ರಬ್ಬರ್ ಪುಡಿ ಸಣ್ಣಗೆ ಮೇಲೆ ಹಾರೋದು ಮುಂದಿನ ಸಾಲಲ್ಲಿ ಕೂತವ್ರಿಗೆ ಕಾಣ್ತಿತ್ತು, ಗೋಲಿ ಡಿಫೆಂಡರ್‌ಗೆ ಏನಂತ ಬೈದ ಅಂತನೂ ಕೇಳ್ತಿತ್ತು, ಲೈನ್ಸ್‌ಮನ್‌ಗೆ ನಾವೇನಂತ ಬೈದ್ವಿ ಅಂತ ಅವ್ನಿಗೂ ಕೇಳ್ತಿತ್ತು. ಬಿಸಿಲಲ್ಲಿ ಕಾದ ಮೆಟ್ಟಿಲ ಮೇಲೆ ಕೂರೋಕಾಗದೆ ನಿಮ್ಮದೇ ಪೇಪರ್ ಮಡಚಿ ಹಾಸ್ಕೊಂಡು ಕೂತಿದ್ದೀವಿ, ಆಗ ಪೇಪರ್ ಆದ್ರೂ ಉಪಯೋಗಕ್ಕೆ ಬರ್ತಿತ್ತು. ಈಗ ವೆಸ್ಟ್ ಬ್ಲಾಕ್ ಬ್ಲೂಸ್ ಅಂತ ದೇಶಕ್ಕೆಲ್ಲ ಹೆಸರಾಗಿರೋ ಫ್ಯಾನ್ಸ್ ಗುಂಪು ಇದ್ಯಲ್ಲ, ಆ ಹೆಸರು ಹುಟ್ಟಿದ್ದೂ ಅಶೋಕನಗರದ ವೆಸ್ಟ್ ಬ್ಲಾಕ್ ಸ್ಟ್ಯಾಂಡ್‌ನಿಂದ. ಆ ಗುಂಪಿನ ಯಾವ ಹುಡುಗನ್ನ ನಿಲ್ಸಿ ಕೇಳಿದ್ರೂ ಹೇಳ್ತಿದ್ದ, ಕ್ವಿಜ್ ಮಾಡೋರಿಗೆ ಕೇಳೋಕೇನು ರೋಗ?

ಕಂಠೀರವದ ಮೇಲೆ ನನಗೇನೂ ದ್ವೇಷ ಇಲ್ಲ ಮತ್ತೆ. 2016ರ ಅಕ್ಟೋಬರ್‌ನಲ್ಲಿ ಏಷ್ಯಾದ ಕ್ಲಬ್‌ಗಳು ಆಡೋ ಎಎಫ್‌ಸಿ ಕಪ್ ಸೆಮಿಫೈನಲ್‌ನಲ್ಲಿ ಮಲೇಷ್ಯಾದ ಜೊಹೋರ್ ಟೀಮನ್ನ 3-1 ಸೋಲಿಸಿ ಫೈನಲ್‌ಗೆ ಹೋದಾಗ ಅಲ್ಲೂ ಗಂಟಲು ಹರ್ಕೊಂಡಿದ್ದೀನಿ. ದೊಡ್ಡ ಸ್ಟೇಡಿಯಂ, 1997ರ ನ್ಯಾಷನಲ್ ಗೇಮ್ಸ್ ನಡೆದ ಜಾಗ, ಅದರ ಘನತೆ ಅದಕ್ಕೆ. ಆದ್ರೆ ಅಲ್ಲೂ ನಮ್ಮವ್ರು ನೆಟ್ಟಗೆ ಇದ್ರಾ? ಟ್ರ್ಯಾಕ್‌ನಲ್ಲಿ ಓಡೋ ಮಕ್ಕಳಿಗೆ ಜಾಗ ಇಲ್ಲ ಅಂತ ಅಥ್ಲೆಟಿಕ್ಸ್‌ನೋರು, ಮ್ಯಾಚ್‌ಗೆ ಗ್ರೌಂಡ್ ಬೇಕು ಅಂತ ಫುಟ್‌ಬಾಲ್‌ನೋರು, ವರ್ಷಗಟ್ಟಲೆ ಹಗ್ಗಜಗ್ಗಾಟ ಆಗಿ ಕೋರ್ಟ್ ಮೆಟ್ಟಿಲು ಹತ್ತೋವರೆಗೂ ಹೋಯ್ತು. ಇಬ್ಬರಿಗೂ ಒಂದೊಂದು ಜಾಗ ಮಾಡಿಕೊಟ್ಟಿದ್ರೆ ಮುಗೀತಿತ್ತು, ಅದು ಬಿಟ್ಟು ಕುರ್ಚಿ ಮೇಲೆ ಕೂತೋರು ಇವತ್ತು ಇವ್ರಿಗೆ ಹೂಂ ನಾಳೆ ಅವ್ರಿಗೆ ಹೂಂ.

ಸರಿ, ಮುಂದಕ್ಕೆ. ತಿದ್ದಿಸೋಣ ಅಂತ ಕ್ವಿಜ್ ನಡೆಸಿದ ಆ ಆಫೀಸ್‌ಗೆ ಹೋದೆ, ಯಾವ ಆಫೀಸು ಅಂತ ಹೆಸರು ಹಾಕಲ್ಲ, ಹಾಕಿದ್ರೆ ನೀವೂ ಛಾಪಿಸಲ್ಲ. ಬೆಳಿಗ್ಗೆಯಿಂದ ಮಳೆ, ಆಟೋದವ್ನು ಮೀಟರ್ ಮೇಲೆ ಐವತ್ತು ಕೇಳ್ದ, ಕೊಟ್ಟೆ, ಅವ್ನೋ ರಸ್ತೆ ಅಗೆದಿದ್ದಾರೆ ಅಂತ ಅರ್ಧದಲ್ಲೇ ಇಳಿಸಿ ಹೋದ, ಕೆಸರಲ್ಲಿ ಚಪ್ಪಲಿ ಕಿತ್ತು ಹೋಗಿ ಒಂದು ಕಾಲು ಎಳ್ಕೊಂಡು ಒಳಗೆ ಹೋದ್ರೆ ಸಾಹೇಬ್ರು ಮೀಟಿಂಗ್‌ನಲ್ಲಿ. ಮಧ್ಯಾಹ್ನ ಊಟಕ್ಕೆ. ಊಟ ಆದ್ಮೇಲೆ ಫೀಲ್ಡ್‌ಗೆ. ಯಾವ ಫೀಲ್ಡ್ ಅಂತ ಕೇಳಬೇಕಿತ್ತು, ಫುಟ್‌ಬಾಲ್ ಫೀಲ್ಡ್ ಅಂತೂ ಅಲ್ಲ ಅಂತ ಗ್ಯಾರಂಟಿ. ಕೌಂಟರ್‌ನಲ್ಲಿದ್ದ ಕ್ಲರ್ಕ್ ಕಿವಿಗೆ ಪೆನ್ ಸಿಗಿಸ್ಕೊಂಡು ಸ್ಟೇಪಲ್ ಹೊಡೆದ ಉತ್ತರದ ಹಾಳೆ ತೆಗೆದು ತೋರ್ಸಿದ್ರು, 'ನೋಡಿ ಸಾರ್, ಟೈಪ್ ಆಗಿದೆ, ಟೈಪ್ ಆದ್ಮೇಲೆ ಚೇಂಜ್ ಮಾಡಕ್ಕೆ ಬರಲ್ಲ'. ಹಳೇ ಪೇಪರ್ ಕಟಿಂಗ್ ಕೊಟ್ರೆ ಜೆರಾಕ್ಸ್ ಬೇಕು ಅಂದ್ರು, ಜೆರಾಕ್ಸ್ ತಂದ್ರೆ ಕವರಿಂಗ್ ಲೆಟರ್ ಬೇಕು, ಲೆಟರ್ ಬರೆದು ಕೊಟ್ರೆ ಸ್ಕೂಲ್ ಹೆಡ್‌ಮಾಸ್ಟರ್ ಸೀಲ್ ಬೇಕು. ಫುಟ್‌ಬಾಲ್ ಮ್ಯಾಚ್ ಎಲ್ಲಿ ನಡೀತು ಅನ್ನೋಕೆ ಹೆಡ್‌ಮಾಸ್ಟರ್ ಯಾಕೆ ಸೀಲ್ ಹಾಕಬೇಕು? ಪೋಸ್ಟರ್‌ನಲ್ಲಿದ್ದ ನಂಬರ್‌ಗೆ ಫೋನ್ ಮಾಡಿದ್ರೆ ಯಾರೋ ಕೇಟರಿಂಗ್‌ನೋರು ಎತ್ತಿದ್ರು, ಊಟದ ಬಿಲ್ ಇನ್ನೂ ಬಂದಿಲ್ಲ ಸಾರ್ ಅಂತ ನನ್ ಹತ್ರನೇ ಗೋಳಾಡಿದ್ರು.

ಈ ಆಫೀಸಿನೋರು ಹೀಗೇ ಅಂತ ನನಗೆ ಹೊಸದಲ್ಲ. ನಮ್ಮ ಮನೆ ಖಾತಾ ಟ್ರಾನ್ಸ್‌ಫರ್‌ಗೆ ಅಪ್ಪಾಜಿ ಹೋದ್ಮೇಲೆ ಅರ್ಜಿ ಕೊಟ್ಟಿದ್ದು, ಒಂದು ಸಲ ಫೈಲ್ ಕಳೆದಿದೆ ಅಂದ್ರು, ಇನ್ನೊಂದು ಸಲ ಫೈಲ್ ಸಿಕ್ಕಿದೆ ಆದ್ರೆ ಅಪ್ಪಾಜಿನೇ ಬಂದು ಸೈನ್ ಹಾಕಬೇಕು ಅಂದ್ರು. ಇಂಥವ್ರ ಕೈಗೆ ಚರಿತ್ರೆ ಕೊಟ್ರೆ ಇನ್ನೇನಾಗುತ್ತೆ. ಈ ಊರಿನ ಫುಟ್‌ಬಾಲ್ ಚರಿತ್ರೆ ಏನು ಸಣ್ಣದಾ? ಬಾಂಬೆಯ ರೋವರ್ಸ್ ಕಪ್ ಫುಟ್‌ಬಾಲ್ ಟೂರ್ನಮೆಂಟನ್ನ 1937ರಲ್ಲಿ ಬ್ರಿಟಿಷ್ ಪಲ್ಟನ್ ಟೀಮ್‌ಗಳ ಕೈಯಿಂದ ಕಿತ್ಕೊಂಡು ಬಂದಿದ್ದು ಬೆಂಗಳೂರು ಮುಸ್ಲಿಮ್ಸ್ ತಂಡ. 1948ರ ಲಂಡನ್ ಒಲಿಂಪಿಕ್ಸ್‌ನಲ್ಲಿ ಫ್ರಾನ್ಸ್ ಮೇಲೆ ಭಾರತದ ಗೋಲ್ ಹೊಡೆದ ಸಾರಂಗಪಾಣಿ ರಾಮನ್ ಈ ಊರಿನವ್ರು, ಈಸ್ಟ್ ಬೆಂಗಾಲ್ ಕ್ಲಬ್‌ಗೆ ಹೋಗಿ ಕಲ್ಕತ್ತಾನೇ ಕುಣಿಸಿದ ಅಹ್ಮದ್ ಖಾನ್ ಈ ಊರಿನವ್ರು. ರಾಜ್ಯ ತಂಡಗಳು ಆಡೋ ಸಂತೋಷ್ ಟ್ರೋಫಿನ ನಮ್ಮ ರಾಜ್ಯ ಮೈಸೂರು ಅಂತಿದ್ದಾಗ ಗೆದ್ದಿದ್ದು ಬಿಟ್ರೆ ಮತ್ತೆ ಗೆಲ್ಲೋಕೆ 54 ವರ್ಷ ಹಿಡೀತು, 2023ರಲ್ಲಿ ರಿಯಾದ್‌ನಲ್ಲಿ ಮೇಘಾಲಯ ಮೇಲೆ 3-2. ಇದರಲ್ಲಿ ಒಂದಾದ್ರೂ ಪ್ರಶ್ನೆ ಕ್ವಿಜ್‌ನಲ್ಲಿ ಇತ್ತಾ? ಇಲ್ಲ. ಉದ್ಘಾಟನೆ ಮಾಡಿದ ಮುಖಂಡರ ಹುಟ್ಟೂರು ಯಾವುದು ಅನ್ನೋ ಪ್ರಶ್ನೆ ಮಾತ್ರ ಇತ್ತು, ಅದಕ್ಕೆ ಬೋನಸ್ ಮಾರ್ಕ್ಸ್ ಬೇರೆ.

ನಿಮಗೂ ಒಂದು ಮಾತು. ಅವ್ರು ಹಾಳೆ ಕೊಟ್ರು ಅಂತ ನೀವು ಅಚ್ಚು ಹಾಕೋದಾ? ನಿಮ್ಮದೇ 2013ರ ಸೆಪ್ಟೆಂಬರ್ ಸಂಚಿಕೆ ತೆಗೆದು ನೋಡಿದ್ರೆ ಸಾಕಿತ್ತು, ಆ ಮ್ಯಾಚ್ ವರದಿ ಕಟಿಂಗ್ ಮಾಡಿಟ್ಕೊಂಡಿರೋನು ನಾನು. ಅದನ್ನೇ ಆ ಕ್ಲರ್ಕ್‌ಗೆ ಜೆರಾಕ್ಸ್ ಮಾಡಿ ಕೊಟ್ಟಿದ್ದು.

ಈಗ ಮಾಡಬೇಕಾಗಿರೋದು ಇಷ್ಟು. ತಪ್ಪಾಗಿದೆ ಅಂತ ಅದೇ ಜಾಗದಲ್ಲಿ, ಅದೇ ಸೈಜ್ ಬಾಕ್ಸ್‌ನಲ್ಲಿ ಹಾಕಿ, ಒಳಗಿನ ಪುಟದಲ್ಲಿ ಟೆಂಡರ್ ನೋಟಿಸ್ ಕೆಳಗೆ ಅಲ್ಲ. ಹುಡುಗನ ಮಾರ್ಕ್ಸ್ ವಾಪಸ್ ಕೊಡಿಸಿ, ಕೊಡಿಸದಿದ್ರೂ ಪರವಾಗಿಲ್ಲ, ಅವ್ನ ಸ್ಕೂಲ್‌ಗೆ ಬಂದು ನಾಲ್ಕು ಜನರ ಎದುರು ನೀನು ಹೇಳಿದ್ದು ಸರಿ ಕಣಪ್ಪ ಅಂತ ಹೇಳಿ. ಮೇಲಿರೋ ಅಧಿಕಾರಿಗಳು ಇದನ್ನ ಗಂಭೀರವಾಗಿ ತಗೋಬೇಕು, ಅಥವಾ ಇನ್ಮೇಲೆ ಕ್ವಿಜ್ ಮಾಡೋದೇ ಬಿಡಬೇಕು, ಅಥವಾ ಅವ್ರನ್ನೆಲ್ಲ ಒಂದ್ಸಲ ಮಟ ಮಟ ಮಧ್ಯಾಹ್ನ ಆ ಸಿಮೆಂಟ್ ಮೆಟ್ಟಿಲ ಮೇಲೆ ಪೇಪರ್ ಇಲ್ದೆ ಕೂರಿಸಬೇಕು. ಯಾವುದಾದ್ರೂ ಒಂದು ಮಾಡ್ಲಿ. ಹಂಗೇ ಆ ಖಾತಾ ಫೈಲ್ ಯಾವ ಟೇಬಲ್ ಮೇಲಿದೆ ಅಂತನೂ ಯಾರಾದ್ರೂ ಪುಣ್ಯಾತ್ಮರು ನೋಡಿ ಹೇಳ್ಲಿ.

ಇಂತಿ,
ಅಶೋಕನಗರ ಸ್ಟೇಡಿಯಂನ ಹಳೇ ಪ್ರೇಕ್ಷಕ
ಆಸ್ಟಿನ್ ಟೌನ್, ಬೆಂಗಳೂರು