ತ್ಸ್ವೆತ್ನೋಯ್ ಬೀದಿಯ ಕೋಡಂಗಿ

ಅಮ್ಮಾ,

ಹೇಗಿದೀಯ, ಅಪ್ಪಂಗೆ ಮಂಡಿ ನೋವು ಕಮ್ಮಿ ಆಯ್ತಾ? ಇಲ್ಲಿ ಮಾಸ್ಕೋದಲ್ಲಿ ಚಳಿ ಶುರು, ಕಿವಿ ಇದೆಯೋ ಬಿದ್ದೋಯ್ತೋ ಅಂತ ಮುಟ್ಟಿ ನೋಡ್ಕೋಬೇಕು. ಪುಟ್ಟಂಗೆ ನಾಟಕ ಶಾಲೇಲಿ ಸೀಟ್ ಸಿಗಲಿಲ್ಲ ಅಂತ ಫೋನಲ್ಲಿ ಅಂದ್ಯಲ್ಲ, ಮುಖ ಸರಿಯಿಲ್ಲ ಅಂದ್ರಂತೆ ಬೇರೆ, ಅವತ್ತಿಂದ ತಲೇಲಿ ಅದೇ ಕೊರೀತಿತ್ತು. ಅದಕ್ಕೇ ಈ ಪತ್ರ, ಅವನಿಗೂ ಓದಿ ಹೇಳು.

ಮೊನ್ನೆ ಭಾನುವಾರ ತ್ಸ್ವೆತ್ನೋಯ್ ಬುಲ್ವಾರ್ ಮೆಟ್ರೋ ಇಳಿದು ಹೊರಗೆ ಬಂದ್ರೆ ಪಕ್ಕದಲ್ಲೇ ಒಂದು ಸರ್ಕಸ್, ಅದರ ಮುಂದೆ ಕಂಚಿನ ಕಾರು, ಮೇಲೆ ಟಾಪ್ ಇಲ್ಲ, ಅದರ ಪಕ್ಕ ಉದ್ದ ಮೂಗಿನ ಒಬ್ಬ ಮನುಷ್ಯ. ಯೂರಿ ನಿಕುಲಿನ್ ಅಂತೆ, ಇಲ್ಲಿನ ಹೆಸರಾಂತ ಕೋಡಂಗಿ, ಸಿನಿಮಾ ನಟ. ಸರ್ಕಸ್ಸಿಗೂ ಈಗ ಅವನದೇ ಹೆಸರು. ಆ ಕಾರು ಅವನ 1967ರ ಒಂದು ಕಾಮಿಡಿ ಸಿನಿಮಾದ್ದು, ಜನ ಕ್ಯೂ ನಿಂತು ಅದರಲ್ಲಿ ಕೂತು ಫೋಟೋ ತೆಗೆಸ್ಕೋತಾರೆ.

ರೂಮಿಗೆ ಬಂದು ಓದ್ತಾ ಓದ್ತಾ ಬೆಳಗಾಗೋಯ್ತು. ಹುಟ್ಟಿದ್ದು 1921ರಲ್ಲಿ. 1939ರಲ್ಲಿ, ಸ್ಕೂಲ್ ಮುಗಿದ ಕೂಡ್ಲೆ, ಸೈನ್ಯಕ್ಕೆ ಎಳ್ಕೊಂಡು ಹೋದ್ರು, ವಿಮಾನ ಹೊಡೆಯೋ ಫಿರಂಗಿ ದಳ, ಮೊದಲು ಫಿನ್‌ಲ್ಯಾಂಡ್ ಯುದ್ಧ, ಆಮೇಲೆ ಲೆನಿನ್‌ಗ್ರಾಡ್ ಊರಿಗೆ ಜರ್ಮನ್ನರು ಹಾಕಿದ ಮುತ್ತಿಗೆ, ಅಲ್ಲಿ ಊರಿನ ಹೆಚ್ಚಿನ ಜನಕ್ಕೆ 1941ರ ಕೊನೇಲಿ ದಿನಕ್ಕೆ 125 ಗ್ರಾಂ ಬ್ರೆಡ್ ಅಷ್ಟೇ ಅಮ್ಮ, ನಮ್ಮನೆ ನಾಯಿಗೆ ಇದಕ್ಕಿಂತ ಜಾಸ್ತಿ ಹಾಕ್ತೀವಿ. ಮನೆಗೆ ವಾಪಸ್ ಬಂದಿದ್ದು 1946ರಲ್ಲಿ. ಬಂದವನು ಸಿನಿಮಾ ಇನ್‌ಸ್ಟಿಟ್ಯೂಟಿಗೆ ಹೋದ, ನೀನು ಸಿನಿಮಾಗೆ ಆಗಲ್ಲಪ್ಪ ಅಂದ್ರು. ನಾಟಕ ಶಾಲೆಗಳಲ್ಲೂ ಅದೇ ಕಥೆ. ಪುಟ್ಟಾ, ಕೇಳಿಸ್ತಾ? ಕೊನೆಗೆ ಇದೇ ಸರ್ಕಸ್ಸಿನ ಕೋಡಂಗಿ ತರಬೇತಿಗೆ ಸೇರ್ಕೊಂಡ. ಮಿಖಾಯಿಲ್ ಶೂಯಿದಿನ್ ಜೊತೆ ಜೋಡಿ ಕಟ್ಟಿ ವರ್ಷಗಟ್ಲೆ ಜನರನ್ನ ನಗಿಸಿದ.

ಸಿನಿಮಾ ಆಮೇಲೆ ತಾನೇ ಹುಡುಕ್ಕೊಂಡು ಬಂತು. 1961ರಲ್ಲಿ ಗೈದಾಯ್ ಅನ್ನೋ ಡೈರೆಕ್ಟರು ಮೂರು ಜನ ಪೋಕರಿಗಳ ಒಂದು ಚಿಕ್ಕ ಸಿನಿಮಾ ಮಾಡ್ದ, ಅದರಲ್ಲಿ ಇವನು ಬಾಲ್ಬೆಸ್, ಅಂದ್ರೆ ದಡ್ಡ. ಮೇಕಪ್ ಅಂತ ದೊಡ್ಡದೇನೂ ಇಲ್ಲ, ಕಣ್ಣಿಗೆ ಉದ್ದ ರೆಪ್ಪೆ ಅಂಟಿಸಿದ್ರಂತೆ ಅಷ್ಟೆ, ಅವನು ಪಿಳಿ ಪಿಳಿ ಅಂತ ಒಂದ್ಸಲ ಬಡಿದ್ರೆ ಸಾಕು, ನಾನು ಒಬ್ಬನೇ ರೂಮಲ್ಲಿ ಕೂತು ನಕ್ಕಿದೀನಿ. ಬೇಡ ಅಂದ ಅದೇ ಮೂಗು, ಅದೇ ಮುಖ! 1969ರಲ್ಲಿ ಬಂದ ವಜ್ರದ ಕೈ ಸಿನಿಮಾನ ಇಲ್ಲಿ ಏಳು ಕೋಟಿಗಿಂತ ಹೆಚ್ಚು ಜನ ಥಿಯೇಟರಲ್ಲಿ ನೋಡಿದಾರೆ, ಕೈಗೆ ಹಾಕಿರೋ ಪ್ಲಾಸ್ಟರ್ ಒಳಗೆ ಕಳ್ಳಸಾಗಣೆ ವಜ್ರ, ಅದು ಗೊತ್ತಾದ್ಮೇಲೆ ಈ ಪಾಪದ ಸಂಸಾರಸ್ಥ ಪಡೋ ಪಾಡು.

ನಂಗೆ ಮಾತ್ರ ಮನಸಲ್ಲಿ ನಿಂತಿದ್ದು 1976ರ ಇನ್ನೊಂದು, ಯುದ್ಧದ ಮಧ್ಯೆ ಇಪ್ಪತ್ತು ದಿನ ರಜಾ ಸಿಕ್ಕಿರೋ ಪತ್ರಕರ್ತನ ಕಥೆ. ಕೋಡಂಗೀನ ಸೀರಿಯಸ್ ಪಾತ್ರಕ್ಕೆ ಹಾಕ್ಬೇಡಿ ಅಂತ ದೊಡ್ಡವರೆಲ್ಲ ತಕರಾರು ತೆಗೆದಿದ್ರಂತೆ. ಅದರಲ್ಲಿ ಅವನು ಆ್ಯಕ್ಟಿಂಗೇ ಮಾಡಲ್ಲ ಅನ್ಸುತ್ತೆ, ಸುಮ್ನೆ ಇರ್ತಾನೆ, ದಣಿದಿರೋ ಮುಖ ಇಟ್ಕೊಂಡು. ಮುತ್ತಿಗೇಲಿ ಇದ್ದು ಬಂದವನಿಗೆ ಅದನ್ನ ಹೇಳ್ಕೊಡೋರು ಯಾರು ಹೇಳು.

ಆಮೇಲೆ ಅದೇ ಸರ್ಕಸ್ಸಿಗೆ ಅವನೇ ಯಜಮಾನ ಆದ, ಹಳೇ ಕಟ್ಟಡ ಕೆಡವಿಸಿ 1989ರಲ್ಲಿ ಹೊಸದು ಓಪನ್ ಮಾಡಿಸ್ದ, 1997ರಲ್ಲಿ ತೀರ್ಕೊಳೋ ತನಕ ಅಲ್ಲೇ ಇದ್ದ.

ಫೋಟೋ ಹಾಕಿದೀನಿ ನೋಡು. ಕಾರಲ್ಲಿ ಹಲ್ಲು ಕಿರಿದಿರೋದು ನಾನು, ಪಕ್ಕದ ಉಣ್ಣೆ ಟೋಪಿ ಅಜ್ಜಿ ಯಾರೋ ಗೊತ್ತಿಲ್ಲ, ಅವರೇ ಕೈ ಹಿಡಿದು ಎಳೆದು ಕೂರಿಸಿದ್ರು. ಪುಟ್ಟಂಗೆ ತೋರ್ಸು, ಹಿಂದೆ ಆ ಮೂಗೂ ಕಾಣ್ಸುತ್ತೆ.

ನಿನ್ನ ಮಗ