ಬೀದರಿಗೂ ಕಡಲಿತ್ತು, ದೋಸ್ತ್

ಪ್ರೀತಿಯ ದೋಸ್ತ್,

ಕಾರವಾರಕ್ಕೆ ವರ್ಗವಾಗಿ ಹೋದಾಗಿನಿಂದ ನಿನ್ನ ಗತ್ತೇ ಬೇರೆ. ದಿನಾ ಸಂಜೆ ಕಡಲಿನ ಫೋಟೋ, ಜೊತೆಗೆ 'ನಿಮ್ಮ ಬೀದರಿನಲ್ಲಿ ಏನಿದೆ, ಬರೀ ಬಿಸಿಲು' ಅನ್ನುವ ಚುಚ್ಚುಮಾತು. ಇರಲಿ. ಆದರೆ ಒಂದು ಕಾಲಕ್ಕೆ ಈ ಊರಿನ ಜೀವ ಇದ್ದದ್ದೇ ಕೊಂಕಣದ ಕೊಲ್ಲಿಗಳಲ್ಲಿ ಅಂದರೆ ನಂಬುತ್ತೀಯಾ?

ಬೀದರಿನಿಂದ ಆಳುತ್ತಿದ್ದ ಬಹಮನಿ ಸುಲ್ತಾನರಿಗೆ ಅತಿ ಮುಖ್ಯವಾಗಿ ಬೇಕಾಗಿದ್ದದ್ದು ಕುದುರೆ. ಯುದ್ಧಕ್ಕೆ ಆಗುವಂಥ ಒಳ್ಳೆಯ ತಳಿ ನಮ್ಮ ಕಡೆ ಬೆಳೆಯುತ್ತಿರಲಿಲ್ಲ. ಅರಬ್ ದೇಶಗಳಿಂದ, ಹೋರ್ಮುಜ್‌ನಿಂದ ಹಡಗಿನಲ್ಲಿ ಬರಬೇಕು. ಇಳಿಯುವುದು ಕೊಂಕಣದ ಬಂದರುಗಳಾದ ಚೌಲ್ ಅಥವಾ ದಾಭೋಳದಲ್ಲಿ, ಆಮೇಲೆ ಘಟ್ಟ ಹತ್ತಿ ಇಲ್ಲಿಗೆ. ಮಹಮೂದ್ ಗವಾನ್ ಬಂದದ್ದೂ ಹಾಗೇ. ಕ್ಯಾಸ್ಪಿಯನ್ ದಂಡೆಯ ಗೀಲಾನ್‌ನವನು, ವ್ಯಾಪಾರಿಯಾಗಿ ದಾಭೋಳದಲ್ಲಿ ಇಳಿದು ಬೀದರಿಗೆ ಬಂದು ವಜೀರನಾದ. ಅವನ ಮದರಸಾ ನಿನಗೆ ಗೊತ್ತಲ್ಲ. ಉಳಿದಿರುವ ಆ ಒಂದು ಮಿನಾರಿನ ಮೇಲೆ ಅಂಕುಡೊಂಕು ಪಟ್ಟಿಯಲ್ಲಿ ಬಣ್ಣದ ಹೆಂಚಿನ ಚೂರುಗಳು ಇನ್ನೂ ಕಚ್ಚಿಕೊಂಡಿವೆ. ಮದರಸಾ ಎದ್ದದ್ದು 1472ರಲ್ಲಿ. ಅದೇ ವರ್ಷ ಅವನು ವಿಜಯನಗರದವರ ಕೈಯಿಂದ ಗೋವಾ ಕಿತ್ತುಕೊಂಡ. ನನಗನ್ನಿಸುವುದು, ಅವನಿಗೆ ಊರಿಗಿಂತ ಅಲ್ಲಿನ ಬಂದರು ಬೇಕಾಗಿತ್ತು. ವಿಜಯನಗರಕ್ಕೆ ಕುದುರೆ ಹೋಗುವ ದಾರಿ ಅದು.

ಅದೇ ಸುಮಾರಿಗೆ ರಷ್ಯಾದ ತ್ವೇರ್ ಊರಿನ ಅಫನಾಸಿ ನಿಕಿತಿನ್ ಒಂದೇ ಒಂದು ಕುದುರೆ ತೆಗೆದುಕೊಂಡು ಚೌಲ್‌ಗೆ ಬಂದಿಳಿದ. ಜುನ್ನರದಲ್ಲಿ ಅಲ್ಲಿನ ಖಾನ್ ಆ ಕುದುರೆಯನ್ನು ಕಸಿದುಕೊಂಡು, ಮತ ಬದಲಿಸಿದರೆ ಕೊಡುತ್ತೇನೆ ಅಂದನಂತೆ. ಹೇಗೋ ಬಿಡಿಸಿಕೊಂಡು ಬೀದರಿಗೆ ಬಂದು ಮಾರಿದ. ಇಲ್ಲಿ ಕುದುರೆಗೆ ಕಡಲೆ ತಿನ್ನಿಸುತ್ತಾರೆ, ಸಕ್ಕರೆ ಎಣ್ಣೆ ಹಾಕಿ ಖಿಚಡಿ ಬೇಯಿಸಿ ಹಾಕುತ್ತಾರೆ ಅಂತ ಬರೆದಿಟ್ಟಿದ್ದಾನೆ. ಆಗಿನ ಬಡವರ ಪಾಡು ಏನಿತ್ತೋ! ವಾಪಸು ಹೋಗುವಾಗ ದಾಭೋಳದಲ್ಲಿ ಹಡಗು ಹತ್ತಿದ. ಹಡಗು ದಾರಿ ತಪ್ಪಿ ಇಥಿಯೋಪಿಯಾ ದಂಡೆಗೆ ಹೋಗಿ ಬಿತ್ತು. ಅಲ್ಲಿನವರು ದೋಚದಿರಲಿ ಅಂತ ಅಕ್ಕಿ, ಮೆಣಸು, ರೊಟ್ಟಿ ಕೊಟ್ಟು ಪಾರಾದರು. ಪಾಪ, ಅವನು ಊರು ಮುಟ್ಟಲಿಲ್ಲ. ಸ್ಮೊಲೆನ್ಸ್ಕ್ ಹತ್ತಿರ ದಾರಿಯಲ್ಲೇ ತೀರಿಕೊಂಡ.

ಈಗ ನಿನ್ನ ಪ್ರಶ್ನೆಗೆ ಬರುತ್ತೇನೆ. ಭೂಶಿರ ಅಷ್ಟು ಹೊಡೆತ ತಿಂದೂ ಹೇಗೆ ನಿಂತಿದೆ, ಪಕ್ಕದ ಕೊಲ್ಲಿ ಮಾತ್ರ ಯಾಕೆ ಶಾಂತ ಅಂತ ಕೇಳಿದ್ದೆಯಲ್ಲ. ದಂಡೆಯ ಹತ್ತಿರ ನೀರಿನ ಆಳ ಕಡಿಮೆಯಾದಂತೆ ಅಲೆ ಬಾಗುತ್ತದೆ. ಮುಂದಕ್ಕೆ ಚಾಚಿದ ಕಲ್ಲಿನ ಮೂತಿಯ ಮೇಲೆ ಅದರ ಬಲವೆಲ್ಲ ಒಟ್ಟಾಗುತ್ತದೆ. ಕೊಲ್ಲಿಯೊಳಗೆ ಅದೇ ಬಲ ಹರಡಿ ತೆಳುವಾಗುತ್ತದೆ, ಮರಳು ಕೂರುತ್ತದೆ. ಕಲ್ಲು ಗಟ್ಟಿ ಇದ್ದಲ್ಲಿ ಭೂಶಿರ ಉಳಿಯುತ್ತದೆ, ಮೆದು ಇದ್ದಲ್ಲಿ ಕಡಲು ಒಳಗೆ ನುಗ್ಗುತ್ತದೆ. ಆದರೆ ಹಡಗು ಕಾಯುವ ಕೊಲ್ಲಿಯೇ ಕೊನೆಗೆ ಹೂಳು ತುಂಬಿ ಹಡಗನ್ನು ಹೊರಗಿಡುತ್ತದೆ. ಚೌಲ್ ಹಾಗೇ ಮೂಲೆಗೆ ಬಿತ್ತು.

ಇನ್ನೊಂದು ಮಜಾ ಕೇಳು. ನಮ್ಮ ಕೋಟೆಯ ಕಂದಕ ಕಡಿದದ್ದು ಕೆಂಪು ಜಂಬಿಟ್ಟಿಗೆ ಕಲ್ಲಿನಲ್ಲಿ. ಅದರ ಅಡಿಗೆ ಕಪ್ಪು ಕಲ್ಲು, ಸುಮಾರು 6.6 ಕೋಟಿ ವರ್ಷದ ಹಿಂದೆ ಹರಿದ ಲಾವಾ. ರತ್ನಾಗಿರಿ ಕಡೆಯ ಕಡಲ ಗುಡ್ಡಗಳಲ್ಲೂ ಇದೇ ಜೋಡಿ, ಮೇಲೆ ಕೆಂಪು, ಕೆಳಗೆ ಕಪ್ಪು. ಅಲ್ಲಿ ಅಲೆ ಕಡಿಯಿತು, ಇಲ್ಲಿ ಸುಲ್ತಾನರ ಕೂಲಿಗಳು ಕಡಿದರು, ಅಷ್ಟೇ ವ್ಯತ್ಯಾಸ.

ಬೀದರಿನ ಈ ಕಡಲು ಕೈತಪ್ಪಿ ಹೋದದ್ದು ಮಾತ್ರ ಬೇರೆ ಎಲ್ಲೋ ಇರುವ ಒಂದು ಭೂಶಿರದಿಂದ. 1488ರಲ್ಲಿ ಪೋರ್ಚುಗೀಸ್ ನಾವಿಕ ಬಾರ್ತೊಲೊಮಿಯು ಡಯಾಸ್ ಆಫ್ರಿಕಾದ ತುದಿ ಸುತ್ತಿದ. ಎಲ್ಲರೂ ಗುಡ್ ಹೋಪ್ ಭೂಶಿರವೇ ಆ ಖಂಡದ ದಕ್ಷಿಣ ತುದಿ ಅಂದುಕೊಳ್ಳುತ್ತಾರೆ. ನಿಜವಾದ ತುದಿ ಅಗುಲ್ಹಾಸ್, ಇನ್ನೂ ಆಗ್ನೇಯಕ್ಕಿದೆ. 1500ರಲ್ಲಿ ಡಯಾಸ್ ಅದೇ ಕಡಲಿನ ಬಿರುಗಾಳಿಗೆ ಸಿಕ್ಕಿ ಸತ್ತ. ಆದರೆ ಯುರೋಪಿನಿಂದ ಇಲ್ಲಿಗೆ ಕಡಲ ದಾರಿ ತೆರೆದಾಗಿತ್ತು. 1508ರ ಕೊನೆಗೆ ಪೋರ್ಚುಗೀಸರು ದಾಭೋಳವನ್ನು ಸುಟ್ಟರು, 1510ರಲ್ಲಿ ಗೋವಾ ಹಿಡಿದರು. ಗವಾನನ ತಲೆಯನ್ನು ಅವನ ಸುಲ್ತಾನನೇ 1481ರಲ್ಲಿ ಹೊಡೆಸಿದ್ದ. ಅಂಥ ವಜೀರ ಮತ್ತೆ ಸಿಗಲಿಲ್ಲ. ಚೌಲ್ ಎದುರಿನ ಕೊರ್ಲಾಯಿ ಗುಡ್ಡದ ಬುಡದ ಹಳ್ಳಿಯಲ್ಲಿ ಪೋರ್ಚುಗೀಸಿನಿಂದ ಹುಟ್ಟಿದ ಒಂದು ಭಾಷೆಯನ್ನು ಇವತ್ತಿಗೂ ಮನೆಯಲ್ಲಿ ಆಡುತ್ತಾರೆ. ಗುಡ್ಡದ ಮೇಲಿನ ಪೋರ್ಚುಗೀಸರ ಕೋಟೆ ಪಾಳುಬಿತ್ತು, ಮಾತು ಉಳಿಯಿತು. ನನಗೆ ಇದಕ್ಕಿಂತ ದೊಡ್ಡ ಕಡಲ ರಹಸ್ಯ ಬೇಡ.

ಸುಮ್ನೆ ಫೋಟೋ ಕಳಿಸುವುದು ಬಿಡು. ಮಳೆ ನಿಂತ ಮೇಲೆ ನೀನು ಕೊಂಕಣ ರೈಲು ಹತ್ತಿ ಚಿಪಳೂಣದಲ್ಲಿ ಇಳಿ. ನಾನು ಸೊಲ್ಲಾಪುರದ ಮೇಲಿಂದ ಘಟ್ಟ ಇಳಿದು ಬರುತ್ತೇನೆ. ದಾಭೋಳದಲ್ಲಿ ವಾಶಿಷ್ಠಿ ನದಿ ದಾಟಲು ಗಾಡಿ ಸಮೇತ ಹತ್ತಿಸುವ ಫೆರಿ ಇದೆ. ಮೀನೂಟದ ಖರ್ಚು ನಿಂದು, ಜಾಸ್ತಿ ಮಾತಾಡಿದ್ದಕ್ಕೆ.

ನಿನ್ನ,
ಬೀದರಿನ ಗೆಳೆಯ